ಎಲ್ಲರ ಕೂಲಿಯೂ ಏರಿದರೆ ಅಂಗಡಿಗೆ ಲಾಭವೋ ನಷ್ಟವೋ?

ಪ್ರಶ್ನೆ: ದಾವಣಗೆರೆಯ ಚೌಕಿಪೇಟೆಯಲ್ಲಿ ನನ್ನದು ಬಟ್ಟೆ ಅಂಗಡಿ. ಆರು ಜನ ಕೆಲಸಕ್ಕಿದ್ದಾರೆ, ಸಂಬಳ ಏರಿಸಿ ಅಂತ ಕೇಳುತ್ತಿದ್ದಾರೆ. ಏರಿಸಿದರೆ ನನ್ನ ಲಾಭ ಇಳಿಯುತ್ತದೆ, ಅದು ಗೊತ್ತಿರುವ ಲೆಕ್ಕ. ಆದರೆ ಎಂ.ಎ. ಅರ್ಥಶಾಸ್ತ್ರ ಓದುತ್ತಿರುವ ಮಗ ಬೇರೆ ಹೇಳುತ್ತಾನೆ. ಎಲ್ಲರ ಕೂಲಿಯೂ ಏರಿದರೆ ನಮ್ಮ ವ್ಯಾಪಾರವೇ ಏರುತ್ತದಂತೆ, ಹಾಗೆ ಹೇಳುವ ಅರ್ಥಶಾಸ್ತ್ರಜ್ಞರ ಒಂದು ಗುಂಪೇ ಇದೆಯಂತೆ. ಅವನ ಪಠ್ಯಪುಸ್ತಕದಲ್ಲಿ ಮಾತ್ರ ಉಳಿತಾಯದಿಂದ ಹೂಡಿಕೆ, ಹೂಡಿಕೆಯಿಂದ ಬೆಳವಣಿಗೆ ಅಂತಿದೆ. ಯಾವುದು ಸರಿ? ಇನ್ನೊಂದು. ಗೃಹಲಕ್ಷ್ಮಿ ದುಡ್ಡು ಬಂದಮೇಲೆ ನಮ್ಮಂಥವರ ವ್ಯಾಪಾರ ಜೋರಾಗಬೇಕಿತ್ತಲ್ಲ, ಅಷ್ಟೇನೂ ಕಾಣಲಿಲ್ಲ. ಯಾಕೆ? ಪರೀಕ್ಷೆಯಲ್ಲಿ ಏನು ಬರೆಯಲಿ ಅಂತ ಮಗನೂ ಕೇಳುತ್ತಿದ್ದಾನೆ.

ಉತ್ತರ: ನಿಮ್ಮ ಲೆಕ್ಕ ತಪ್ಪಿಲ್ಲ, ನಿಮ್ಮ ಮಗನದೂ ತಪ್ಪಿಲ್ಲ. ನೀವು ಒಂದು ಅಂಗಡಿಗೆ ಲೆಕ್ಕ ಹಾಕಿದ್ದೀರಿ, ಅವನು ಇಡೀ ದೇಶಕ್ಕೆ ಹಾಕಿದ್ದಾನೆ. ಆದರೆ ಅವನ ಮಾತು ನಿಜವಾಗಬೇಕಾದರೆ ಎರಡು ಷರತ್ತುಗಳಿವೆ. ಕೆಲಸವಿಲ್ಲದೆ ಕೂತ ಯಂತ್ರ ಮತ್ತು ಕೈಗಳು ಇರಬೇಕು. ಖರ್ಚಾದ ದುಡ್ಡು ಇಲ್ಲೇ ಸುತ್ತಬೇಕು. ದಾವಣಗೆರೆಯಂಥ ಊರಿಗೆ ಎರಡನೆಯ ಷರತ್ತೇ ಕೈಕೊಡುವುದು.

ಮೊದಲು ಪಠ್ಯಪುಸ್ತಕ. ಅಲ್ಲಿನ ಕಥೆ ಹೀಗೆ: ಜನ ಉಳಿಸಿ ಬ್ಯಾಂಕಿಗೆ ಹಾಕುತ್ತಾರೆ. ಬ್ಯಾಂಕು ಅದನ್ನೇ ಉದ್ಯಮಿಗೆ ಸಾಲ ಕೊಡುತ್ತದೆ. ಅವನು ಯಂತ್ರ ತರುತ್ತಾನೆ, ಉತ್ಪಾದನೆ ಏರುತ್ತದೆ. ಮಾಡಿದ ಸರಕು ಮಾರಾಟವಾಗುತ್ತದಾ ಎಂಬ ಪ್ರಶ್ನೆ ಅಲ್ಲಿ ಏಳುವುದೇ ಇಲ್ಲ. 1956ರಲ್ಲಿ ಅಮೆರಿಕದ ಅರ್ಥಶಾಸ್ತ್ರಜ್ಞ ರಾಬರ್ಟ್ ಸೋಲೋ ಕಟ್ಟಿದ ಬೆಳವಣಿಗೆಯ ಮಾದರಿಯೂ ಇದೇ ಜಾಡಿನದು. ಈ ಕಥೆಯನ್ನು ನಂಬಿದರೆ ಉಳ್ಳವರ ಪಾಲು ಜಾಸ್ತಿಯಾದಷ್ಟೂ ಒಳ್ಳೆಯದು ಅನ್ನಿಸುತ್ತದೆ. ಉಳಿಸುವವರು ಅವರೇ ತಾನೇ?

ಅಂಗಡಿ ನಡೆಸುವವರಿಗೆ ಇದರಲ್ಲಿನ ತೂತು ತಕ್ಷಣ ಕಾಣಬೇಕು. ಉಳಿತಾಯ ಅಂದರೆ ಯಾರೋ ಖರ್ಚು ಮಾಡದೆ ಇಟ್ಟುಕೊಂಡ ದುಡ್ಡು. ಈ ಸಲ ದೀಪಾವಳಿಗೆ ಹೊಸ ಬಟ್ಟೆ ಬೇಡ, ಉಳಿಸೋಣ ಅಂತ ಊರಿನವರೆಲ್ಲ ನಿರ್ಧರಿಸಿದರು ಅನ್ನಿ. ನಿಮ್ಮ ಮಾಲು ಗೋದಾಮಿನಲ್ಲೇ ಕೂರುತ್ತದೆ. ನೀವು ಮುಂದಿನ ಆರ್ಡರ್ ಕೊಡುವುದಿಲ್ಲ. ಮಗ್ಗದವನಿಗೆ ಕೆಲಸವಿಲ್ಲ, ಅವನಿಗೆ ಉಳಿತಾಯವೂ ಇಲ್ಲ. ಎಲ್ಲರೂ ಉಳಿಸಲು ಹೊರಟು, ಕೊನೆಗೆ ಒಟ್ಟು ಉಳಿತಾಯ ಏರುವುದೇ ಇಲ್ಲ. ಅಂಥ ಹೊತ್ತಲ್ಲಿ ಹೊಸ ಯಂತ್ರಕ್ಕೆ ದುಡ್ಡು ಹಾಕುವವರು ಯಾರು? 1936ರಲ್ಲಿ ಇಂಗ್ಲೆಂಡಿನ ಕೇಂಬ್ರಿಜ್‌ನ ಅರ್ಥಶಾಸ್ತ್ರಜ್ಞ ಜಾನ್ ಮೇನಾರ್ಡ್ ಕೇನ್ಸ್ ಹೇಳಿದ್ದರ ತಿರುಳು ಇದು. ಅವರ ದಾರಿಯಲ್ಲಿ ಹೂಡಿಕೆ ಮುಂದೆ ಹೋಗುತ್ತದೆ, ಉಳಿತಾಯ ಹಿಂದೆ ಬರುತ್ತದೆ.

ಬ್ಯಾಂಕಿನ ವಿಷಯವೂ ಹಾಗೇ. ಬ್ಯಾಂಕಿನವರು ನಿಮಗೆ ಸಾಲ ಮಂಜೂರು ಮಾಡಿದಾಗ ಬೇರೆಯವರ ಠೇವಣಿ ತೆಗೆದು ನಿಮಗೆ ಕೊಡುವುದಿಲ್ಲ. ನಿಮ್ಮ ಖಾತೆಯಲ್ಲಿ ಹೊಸದಾಗಿ ಒಂದು ಮೊತ್ತ ಬರೆಯುತ್ತಾರೆ. ಸಾಲ ಕೊಟ್ಟಾಗಲೇ ಠೇವಣಿ ಹುಟ್ಟುತ್ತದೆ. ಪಠ್ಯಪುಸ್ತಕದ ಪಂಥದ ಹೊರಗಿನ ಅರ್ಥಶಾಸ್ತ್ರಜ್ಞರು ದಶಕಗಳಿಂದ ಹೇಳುತ್ತಿದ್ದ ಈ ಮಾತನ್ನು 2014ರಲ್ಲಿ ಬ್ಯಾಂಕ್ ಆಫ್ ಇಂಗ್ಲೆಂಡ್ ತನ್ನ ಪತ್ರಿಕೆಯಲ್ಲೇ ಬರೆದು ಒಪ್ಪಿಕೊಂಡಿತು. ಪಠ್ಯಪುಸ್ತಕಗಳು ಇನ್ನೂ ಬದಲಾಗಬೇಕು!

ಈಗ ನಿಮ್ಮ ಮಗ ಹೇಳುವ ಗುಂಪಿನ, ಅಂದರೆ ಕೇನ್ಸೋತ್ತರ (ಪೋಸ್ಟ್-ಕೇನ್ಸಿಯನ್) ಪಂಥದ, ಹಿರಿಯರ ಬಳಿಗೆ ಬರೋಣ. ಹೆಸರು ಮಿಖಾಲ್ ಕಲೆಟ್ಸ್ಕಿ. 1899ರಲ್ಲಿ ಪೋಲೆಂಡಿನ ಲೋಜ್ ಊರಿನಲ್ಲಿ ಹುಟ್ಟಿದವರು. ನಮ್ಮ ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅಂತ ಕರೆದಂತೆ ಆ ಊರನ್ನೂ ಪೋಲೆಂಡಿನ ಮ್ಯಾಂಚೆಸ್ಟರ್ ಅನ್ನುತ್ತಿದ್ದರು. ಊರು ತುಂಬ ಜವಳಿ ಗಿರಣಿಗಳು. ತಂದೆಯ ಸಣ್ಣ ಜವಳಿ ಉದ್ದಿಮೆ ಮುಳುಗಿತು. ಮಗನ ಇಂಜಿನಿಯರಿಂಗ್ ಓದು ಅರ್ಧಕ್ಕೇ ನಿಂತಿತು. ಅರ್ಥಶಾಸ್ತ್ರವನ್ನು ಅವರು ತಾವೇ ಓದಿ ಕಲಿತರು. ಕೇನ್ಸ್ ಹೇಳಿದ್ದರ ಬಹುಪಾಲನ್ನು ಅವರಿಗಿಂತ ಮೊದಲೇ, 1933ರಲ್ಲಿ, ಪೋಲಿಷ್ ಭಾಷೆಯಲ್ಲಿ ಬರೆದರು. ಆದರೆ ಅದನ್ನು ಓದಬಲ್ಲವರು ಕೇಂಬ್ರಿಜ್‌ನಲ್ಲಿ ಎಷ್ಟು ಜನ ಇದ್ದಾರು?

ಕೇನ್ಸ್ ಅಷ್ಟಾಗಿ ತಡಕಾಡದ ಒಂದು ಪ್ರಶ್ನೆ ಕಲೆಟ್ಸ್ಕಿಗೆ ಮುಖ್ಯವಾಗಿತ್ತು. ಆದಾಯ ಯಾರ ಕೈಗೆ ಹೋಗುತ್ತದೆ? ಕೂಲಿಯವರು ಬಂದದ್ದನ್ನು ಬಹುಪಾಲು ಖರ್ಚು ಮಾಡುತ್ತಾರೆ, ಮಾಲೀಕರು ಉಳಿಸುತ್ತಾರೆ. ಹಾಗಾದರೆ ಪಾಲು ಆ ಕಡೆಯಿಂದ ಈ ಕಡೆಗೆ ಸರಿದರೆ ಏನಾಗುತ್ತದೆ? ಬಾಯಿಮಾತಿಗಿಂತ ಅಂಕಿಯಲ್ಲೇ ನೋಡೋಣ. ಅಂಕಿಗಳೆಲ್ಲ ಲೆಕ್ಕಕ್ಕಾಗಿ ಇಟ್ಟುಕೊಂಡದ್ದು.

ಒಂದು ದೇಶ. ಸರಕಾರ ಇಲ್ಲ, ಹೊರಗಿನ ವ್ಯಾಪಾರವೂ ಇಲ್ಲ. ಮಾಲೀಕರೆಲ್ಲ ಸೇರಿ ಈ ವರ್ಷ ಯಂತ್ರ, ಕಟ್ಟಡಕ್ಕೆ 200 ಕೋಟಿ ಹಾಕುತ್ತಾರೆ. ಮನೆ, ಮದುವೆ, ಕಾರು ಅಂತ ಸ್ವಂತಕ್ಕೆ 100 ಕೋಟಿ. ಕೂಲಿಯವರು ಬಂದದ್ದನ್ನೆಲ್ಲ ಖರ್ಚು ಮಾಡುತ್ತಾರೆ. ಉತ್ಪಾದನೆಯ ಮೂರರಲ್ಲಿ ಎರಡು ಪಾಲು ಕೂಲಿಗೆ, ಒಂದು ಪಾಲು ಲಾಭಕ್ಕೆ.

ಲಾಭ ಎಷ್ಟು? ಕೂಲಿಯವರ ಖರ್ಚು ಮಾಲೀಕರು ಕೊಟ್ಟ ಕೂಲಿಯನ್ನಷ್ಟೇ ಅವರಿಗೆ ವಾಪಸ್ ತಂದುಕೊಡುತ್ತದೆ. ಅದರಲ್ಲಿ ಲಾಭವಿಲ್ಲ. ಲಾಭ ಬರುವುದು ಮಾಲೀಕರು ಒಬ್ಬರಿಂದೊಬ್ಬರು ಕೊಂಡದ್ದರಿಂದ, ಅಂದರೆ 200 ಮತ್ತು 100 ಸೇರಿ 300 ಕೋಟಿ. ಆ 300 ಮೂರರಲ್ಲಿ ಒಂದು ಪಾಲು, ಹಾಗಾಗಿ ಉತ್ಪಾದನೆ 900. ಕೂಲಿ 600.

ಈಗ ಎಲ್ಲ ಮಾಲೀಕರೂ ಕೂಡಿ ಕೂಲಿಯ ಪಾಲನ್ನು ಉತ್ಪಾದನೆಯ ಅರ್ಧಕ್ಕೆ ಇಳಿಸಿದರು. ಯಂತ್ರದ ಆರ್ಡರ್ ಆಗಲೇ ಕೊಟ್ಟಾಗಿದೆ, ಮದುವೆಯ ಛತ್ರವೂ ಬುಕ್ ಆಗಿದೆ. ಅವರ ಖರ್ಚು ಅದೇ 300. ಹಾಗಾಗಿ ಲಾಭವೂ ಅದೇ 300. ಆದರೆ 300 ಈಗ ಅರ್ಧ ಪಾಲು. ಉತ್ಪಾದನೆ 600ಕ್ಕೆ ಕುಸಿಯಿತು, ಕೂಲಿ 300ಕ್ಕೆ. ಒಂದೊಂದು ಸೀರೆಯ ಮೇಲೆ ಲಾಭ ಹೆಚ್ಚಿತು, ಮಾರಾಟವಾದ ಸೀರೆ ಕಡಿಮೆಯಾಯಿತು. ಮಾಲೀಕರಿಗೆ ಒಂದು ರೂಪಾಯಿಯೂ ಹೆಚ್ಚು ಸಿಗಲಿಲ್ಲ. ಮುನ್ನೂರು ಕೋಟಿಯ ಸರಕು ಮಾಡುತ್ತಿದ್ದ ಕೈಗಳು ಮನೆಗೆ ಹೋದವು.

ತಿರುಗಿಸಿ ನೋಡಿ. ಕೂಲಿಯ ಪಾಲು 70 ಪರ್ಸೆಂಟ್‌ಗೆ ಏರಿತು. ಲಾಭದ ಪಾಲು 30. ಲಾಭ ಮತ್ತೆ 300 ಕೋಟಿ, ಉತ್ಪಾದನೆ 1000, ಕೂಲಿ 700.

ಅಷ್ಟಕ್ಕೇ ನಿಲ್ಲುವುದಿಲ್ಲ. ಯಂತ್ರಗಳು ಅರ್ಧ ಹೊತ್ತು ಸುಮ್ಮನೆ ನಿಂತಿದ್ದರೆ ಮುಂದಿನ ವರ್ಷ ಯಾರೂ ಹೊಸ ಯಂತ್ರ ತರುವುದಿಲ್ಲ. ಆಗ ಆ 200 ಕೋಟಿಯೂ ಇಳಿಯುತ್ತದೆ, ಅದರೊಂದಿಗೆ ಲಾಭವೂ. ಯಂತ್ರಗಳು ಪೂರ್ತಿ ಓಡುತ್ತಿದ್ದರೆ ಹೂಡಿಕೆ ಏರುತ್ತದೆ, ಲಾಭವೂ ಏರುತ್ತದೆ. ಕೂಲಿ ಹೆಚ್ಚಿಸಿದರೆ ಲಾಭವೇ ಹೆಚ್ಚಬಹುದು ಎಂಬ ಈ ವಿಚಿತ್ರ ಫಲಿತಾಂಶವನ್ನು 1980ರ ದಶಕದ ಶುರುವಿನಲ್ಲಿ ಬಾಬ್ ರೋಥಾರ್ನ್ ಮತ್ತು ಅಮಿತಾವ ದತ್ ಸ್ಪಷ್ಟ ಮಾದರಿಗಳಲ್ಲಿ ತೋರಿಸಿದರು. ನಿಮ್ಮ ಮಗ ಓದಿಕೊಂಡು ಬಂದಿರುವುದು ಇದನ್ನೇ ಇರಬೇಕು.

ಇದು ಬರೀ ಕಾಗದದ ಲೆಕ್ಕವಲ್ಲ. 2019ರ ಸೆಪ್ಟೆಂಬರ್‌ನಲ್ಲಿ ಕೇಂದ್ರ ಸರಕಾರ ಕಂಪನಿಗಳ ತೆರಿಗೆಯನ್ನು 30ರಿಂದ 22 ಪರ್ಸೆಂಟ್‌ಗೆ ಇಳಿಸಿತು. ಹೊಸ ಕಾರ್ಖಾನೆ ಹಾಕುವವರಿಗೆ 15. ಖಜಾನೆಗೆ ವರ್ಷಕ್ಕೆ 1.45 ಲಕ್ಷ ಕೋಟಿ ರೂಪಾಯಿ ಕಡಿಮೆಯಾಗುತ್ತದೆ ಅಂತ ಸರಕಾರವೇ ಅಂದಾಜು ಹೇಳಿತ್ತು. ಕಂಪನಿಗಳ ಕೈಯಲ್ಲಿ ದುಡ್ಡು ಉಳಿದರೆ ಹೂಡುತ್ತಾರೆ, ಇದೇ ನಂಬಿಕೆ. ಆಮೇಲೆ ಏನಾಯಿತು? ಆ ದುಡ್ಡು ಸಾಲ ತೀರಿಸಲು, ನಗದು ಕೂಡಿಡಲು ಹೋಯಿತೇ ಹೊರತು ಹೂಡಿಕೆಯ ಚಕ್ರ ತಿರುಗಲಿಲ್ಲ ಅಂತ ರಿಸರ್ವ್ ಬ್ಯಾಂಕೇ 2019–20ರ ವಾರ್ಷಿಕ ವರದಿಯಲ್ಲಿ ಬರೆಯಿತು. ನೀವಾದರೂ ಹಾಗೇ ಮಾಡುತ್ತಿದ್ದಿರಿ, ಅಲ್ವಾ? ತೆರಿಗೆ ಉಳಿಯಿತು ಅಂತ ಯಾರೂ ಎರಡನೇ ಅಂಗಡಿ ತೆರೆಯುವುದಿಲ್ಲ. ಇರುವ ಅಂಗಡಿಯಲ್ಲಿ ಗಿರಾಕಿ ಹಿಡಿಸದಷ್ಟಾದಾಗ ತೆರೆಯುತ್ತಾರೆ.

ಈಗ ಷರತ್ತುಗಳು. ಮೊದಲನೆಯದು, ಕೂತ ಯಂತ್ರ. ಮೇಲಿನ ಲೆಕ್ಕದಲ್ಲಿ ಉತ್ಪಾದನೆ 1000ಕ್ಕೆ ಏರಿತು ಅಂದೆ. ಆ ದೇಶದ ಯಂತ್ರ, ಹೊಲ, ಕೈ ಎಲ್ಲ ಪೂರ್ತಿ ದುಡಿದರೂ 950 ಮಾತ್ರ ಆಗುವುದಾದರೆ? ಉಳಿದ 50 ಬೆಲೆ ಏರಿಕೆಯಾಗಿ ಹೊರಬರುತ್ತದೆ. ಹೆಚ್ಚಿಸಿದ ಕೂಲಿಯನ್ನು ಬೆಲೆ ತಿಂದುಹಾಕುತ್ತದೆ.

ಇದನ್ನು ನಮ್ಮ ದೇಶಕ್ಕೆ ಅನ್ವಯಿಸಿ ಮೊದಲು ಎಚ್ಚರಿಸಿದವರಲ್ಲಿ ಅರ್ಥಶಾಸ್ತ್ರಜ್ಞ ವಿ.ಕೆ.ಆರ್.ವಿ. ರಾವ್ ಒಬ್ಬರು. ಕೇಂಬ್ರಿಜ್‌ನಲ್ಲಿ ಓದಿದವರು, ಆಮೇಲೆ ನಮ್ಮ ಪಕ್ಕದ ಬಳ್ಳಾರಿಯಿಂದ ಲೋಕಸಭೆಗೆ ಆರಿಸಿ ಬಂದವರು, 1972ರಲ್ಲಿ ಬೆಂಗಳೂರಿನಲ್ಲಿ ಐಸೆಕ್ ಎಂಬ ಸಮಾಜ, ಅರ್ಥಶಾಸ್ತ್ರದ ಸಂಶೋಧನಾ ಸಂಸ್ಥೆ ಕಟ್ಟಿದವರು. 1952ರ ಒಂದು ಲೇಖನದಲ್ಲಿ ಅವರು ಕೇಳಿದ್ದು ಇಷ್ಟೇ. ಕೇನ್ಸ್ ಲೆಕ್ಕ ನಡೆಯುವುದು ಕಾರ್ಖಾನೆ ಇದ್ದೂ ಬೀಗ ಬಿದ್ದಿರುವ ದೇಶದಲ್ಲಿ. ನಮ್ಮಲ್ಲಿ ಜನರಿಗೆ ದುಡ್ಡು ಸಿಕ್ಕರೆ ಮೊದಲು ಕೇಳುವುದು ಕಾಳುಕಡಿ. ಬೇಡಿಕೆ ಬಂತು ಅಂತ ಹೊಲ ಮರುದಿನವೇ ಜಾಸ್ತಿ ಬೆಳೆಯುತ್ತದಾ? 1959–60ರಲ್ಲಿ ಭಾರತಕ್ಕೆ ಬಂದಿದ್ದ ಕಲೆಟ್ಸ್ಕಿಯೂ ಇದನ್ನೇ ಹೇಳಿದರು. ಆಹಾರ ಮತ್ತು ದಿನಬಳಕೆಯ ವಸ್ತುಗಳ ಉತ್ಪಾದನೆ ಏರದೆ ಬೇಡಿಕೆ ಮಾತ್ರ ಏರಿಸಿದರೆ ಪೆಟ್ಟು ಬೀಳುವುದು ಬಡವರಿಗೇ. ಅವರ ಉಪಾಯ, ಬೇಸಾಯ ಬೆಳೆಯದಂತೆ ಹಿಡಿದಿಟ್ಟ ಕಟ್ಟುಗಳನ್ನು ಸಡಿಲಿಸುವುದು ಮತ್ತು ಉಳ್ಳವರ ಮೇಲೆ ತೆರಿಗೆ ಹಾಕುವುದು.

ಅದು 1950ರ ದಶಕದ ಮಾತು. ಭದ್ರಾ ನಾಲೆ ಬಂದು ಹರಿಹರ, ಮಲೇಬೆನ್ನೂರು ಕಡೆ ಭತ್ತ ಬೆಳೆಯುತ್ತಿರುವ ಕಾಲದಲ್ಲಿ, ಗೋದಾಮುಗಳಲ್ಲಿ ಅಕ್ಕಿ ತುಂಬಿರುವ ಕಾಲದಲ್ಲಿ, ರಾವ್ ಅವರ ಎಚ್ಚರಿಕೆ ಅಷ್ಟೇ ಬಿಗಿಯಾಗಿ ನಿಲ್ಲುವುದಿಲ್ಲ ಅನ್ನುವುದು ನನ್ನ ಅಭಿಪ್ರಾಯ. ಬೇಳೆ, ಎಣ್ಣೆಗೆ ಈಗಲೂ ಪೂರ್ತಿ ನಿಲ್ಲುತ್ತದೆ. ಕಾರ್ಖಾನೆಗಳ ಬಗ್ಗೆ ರಿಸರ್ವ್ ಬ್ಯಾಂಕ್ ಮೂರು ತಿಂಗಳಿಗೊಮ್ಮೆ ಸಮೀಕ್ಷೆ ಮಾಡುತ್ತದೆ. ಸಾಮಾನ್ಯ ದಿನಗಳಲ್ಲೂ ಸಾಮರ್ಥ್ಯದ ಬಳಕೆ 70ರಿಂದ 75 ಪರ್ಸೆಂಟ್ ಆಸುಪಾಸಿನಲ್ಲೇ ಇರುತ್ತದೆ. 2020ರ ಲಾಕ್‌ಡೌನ್ ತ್ರೈಮಾಸಿಕದಲ್ಲಿ 47.3ಕ್ಕೆ ಬಿದ್ದಿತ್ತು. ಊರಲ್ಲೇ ನೋಡಬೇಕೆಂದರೆ ಮಂಡಕ್ಕಿ ಭಟ್ಟಿಗಳ ಕಡೆ ಹೋಗಿ. ಬೇಡಿಕೆ ಬಂದರೆ ಇನ್ನೊಂದು ಪಾಳಿ ಹುರಿಯುವುದು ಕಷ್ಟವಲ್ಲ. ಅದಕ್ಕೆ ಹೊಸ ಭಟ್ಟಿ ಕಟ್ಟಬೇಕಾಗಿಲ್ಲ.

ಇನ್ನೊಂದು ತೊಡಕನ್ನು ಈ ಪಂಥದವರೇ ಎತ್ತಿದರು. 1990ರಲ್ಲಿ ಅಮಿತ್ ಭಾದುರಿ ಮತ್ತು ಸ್ಟೀಫನ್ ಮಾರ್ಗ್ಲಿನ್ ಬರೆದ ಲೇಖನ ಈ ಚರ್ಚೆಯ ದಿಕ್ಕನ್ನೇ ಬದಲಿಸಿತು. ಅವರ ಪ್ರಕಾರ ಉದ್ಯಮಿ ಎರಡನ್ನು ನೋಡುತ್ತಾನೆ. ಯಂತ್ರ ಎಷ್ಟು ಓಡುತ್ತಿದೆ ಎಂಬುದು ಒಂದು. ಒಂದೊಂದು ಸರಕಿನ ಮೇಲೆ ಎಷ್ಟು ಗಿಟ್ಟುತ್ತದೆ ಎಂಬುದು ಇನ್ನೊಂದು. ಕೂಲಿ ಏರಿದಾಗ ಮೊದಲನೆಯದು ಏರುತ್ತದೆ, ಎರಡನೆಯದು ಇಳಿಯುತ್ತದೆ. ಯಾವುದರ ತೂಕ ಜಾಸ್ತಿ ಎಂಬುದನ್ನು ಮೊದಲೇ ಹೇಳಲಾಗದು. ಕೆಲವು ದೇಶಗಳಲ್ಲಿ ಕೂಲಿ ಏರಿದರೆ ಬೇಡಿಕೆ ಏರುತ್ತದೆ, ಕೆಲವದರಲ್ಲಿ ಲಾಭ ಏರಿದರೆ ಏರುತ್ತದೆ. ರಫ್ತು ಮಾಡುವ ದೇಶಕ್ಕೆ ಕೂಲಿ ಏರಿದರೆ ಹೊರಗಿನ ಗಿರಾಕಿ ಕೈತಪ್ಪುವ ಭಯವೂ ಇರುತ್ತದೆ. ನನಗೆ ಈ ಲೇಖನ ಇಷ್ಟ. ತಮ್ಮ ಗುಂಪಿನವರ ನಂಬಿಕೆಯನ್ನೇ ಇಬ್ಬರೂ ತಕ್ಕಡಿಗೆ ಹಾಕಿದರು.

ಆಮೇಲೆ ಅಂಕಿಅಂಶ ಹಿಡಿದು ಅಳೆಯಲು ಶುರುವಾಯಿತು. ಒಬ್ಬರ ಫಲಿತಾಂಶ ಇನ್ನೊಬ್ಬರದಕ್ಕೆ ಹೊಂದುವುದಿಲ್ಲ, ಜಗಳ ಇನ್ನೂ ಇದೆ. ಅಂತಾರಾಷ್ಟ್ರೀಯ ಕಾರ್ಮಿಕ ಸಂಸ್ಥೆಗಾಗಿ 2012ರಲ್ಲಿ ಓಜ್ಲೆಮ್ ಓನಾರನ್ ಮತ್ತು ಯೊರ್ಗೊಸ್ ಗಲಾನಿಸ್ ಮಾಡಿದ ಅಧ್ಯಯನ ಮಾತ್ರ ನಿಮ್ಮ ಪ್ರಶ್ನೆಗೆ ಹತ್ತಿರದ್ದು. ಅಮೆರಿಕ, ಜಪಾನ್, ಯೂರೋ ವಲಯದಂಥ ಕಡೆ ಕೂಲಿಯ ಪಾಲು ಏರಿದರೆ ಬೇಡಿಕೆ ಏರುತ್ತದೆ ಅಂತ ಅದರಲ್ಲಿ ಬಂತು. ಆದರೆ ಭಾರತ, ಚೀನಾದಂಥ ಕೆಲವು ದೇಶಗಳು ಒಂಟಿಯಾಗಿ ನೋಡಿದಾಗ ಲಾಭದ ಕಡೆಗೆ ವಾಲಿದವು. ನಿಮ್ಮ ಮಗನಿಗೆ ಇದು ಹಿಡಿಸದಿರಬಹುದು. ಆದರೆ ಎಲ್ಲ ದೇಶಗಳೂ ಒಟ್ಟಿಗೆ ಕೂಲಿಯ ಪಾಲನ್ನು ಒಂದು ಪರ್ಸೆಂಟ್ ಅಂಶ ಇಳಿಸಿದರೆ ಜಗತ್ತಿನ ಉತ್ಪಾದನೆಯೇ 0.36 ಪರ್ಸೆಂಟ್ ಕುಗ್ಗುತ್ತದೆ, ಆಗ ಭಾರತವೂ ಕುಗ್ಗುತ್ತದೆ ಎಂದೂ ಅದೇ ಅಧ್ಯಯನ ಹೇಳಿತು. ಪಕ್ಕದವನಿಗಿಂತ ಕಡಿಮೆ ಕೂಲಿ ಕೊಟ್ಟು ಗೆಲ್ಲುವ ಆಟ, ಪಕ್ಕದವನೂ ಅದನ್ನೇ ಆಡಿದ ದಿನ ಮುಗಿಯುತ್ತದೆ.

ಊರಿನ ಹತ್ತಿ ಗಿರಣಿಗಳು ಮುಚ್ಚಿದ್ದು ಕೂಲಿ ಜಾಸ್ತಿಯಾಗಿಯೇ ಅಲ್ವಾ ಅಂತ ನೀವು ಕೇಳಬಹುದು. ಬಹಳ ಜನ ಕೇಳುತ್ತಾರೆ. ದೇಶದ ತುಂಬ ದೊಡ್ಡ ಗಿರಣಿಗಳ ಪಾಲನ್ನು ವಿದ್ಯುತ್ ಮಗ್ಗಗಳು ಕಿತ್ತುಕೊಂಡವು. ಅಲ್ಲಿ ಕೂಲಿ ಕಡಿಮೆ, ಕಾನೂನಿನ ಕಟ್ಟು ಸಡಿಲ. ಹಳೇ ಯಂತ್ರಗಳೂ ಗಿರಣಿಗಳಿಗೆ ಭಾರವಾದವು. ಅಂದರೆ ಒಂದು ಕಡೆ ಕೂಲಿ ಹೆಚ್ಚು, ಇನ್ನೊಂದು ಕಡೆ ಕಡಿಮೆ ಇದ್ದಾಗ ಹೆಚ್ಚು ಕೊಟ್ಟವರು ಸೋತರು. ಎಲ್ಲ ಕಡೆ ಒಟ್ಟಿಗೆ ಏರಿದ್ದರೆ ಏನಾಗುತ್ತಿತ್ತು ಎಂಬುದಕ್ಕೆ ಈ ಕಥೆಯಲ್ಲಿ ಉತ್ತರವಿಲ್ಲ. ಕನಿಷ್ಠ ಕೂಲಿಯ ಕಾನೂನು ಇರುವುದೇ ಅದಕ್ಕೆ. ಒಬ್ಬರೇ ಏರಿಸಿ ಸೋಲಬಾರದು ಅಂತ.

ಎರಡನೆಯ ಷರತ್ತು, ದುಡ್ಡು ಇಲ್ಲೇ ಸುತ್ತಬೇಕು. ಮತ್ತೆ ಒಂದು ಲೆಕ್ಕ. ನಿಮ್ಮ ಕೆಲಸದವರಿಗೆ 100 ರೂಪಾಯಿ ಹೆಚ್ಚು ಸಿಕ್ಕಿತು. 80 ಖರ್ಚು ಮಾಡಿದರು. ಆ 80ರಲ್ಲಿ ಅರ್ಧ ಊರಿನವರ ಆದಾಯವಾಯಿತು, ಉಳಿದದ್ದು ಹೊರಗೆ ಹೋಯಿತು ಅನ್ನಿ. 100 ಆಯಿತು, ಮುಂದಿನ ಸುತ್ತಿಗೆ 40, ಅದರ ಮುಂದೆ 16, ಆಮೇಲೆ 6 ರೂಪಾಯಿ 40 ಪೈಸೆ. ಎಲ್ಲ ಕೂಡಿದರೆ ಊರಿಗೆ ಸುಮಾರು 167 ರೂಪಾಯಿ. ದೇಶದ ಮಟ್ಟದಲ್ಲಿ ಹೊರಗೆ ಸೋರುವುದು ಕಡಿಮೆ. 80ರಲ್ಲಿ 70 ಒಳಗೇ ಉಳಿಯಿತು ಅಂದುಕೊಂಡರೆ ಒಟ್ಟು 333 ರೂಪಾಯಿ. ನಿಮ್ಮ ಮಗನ ಪುಸ್ತಕ ಹೇಳುವುದು ಈ ಎರಡನೇ ಅಂಕಿಯನ್ನು. ನಿಮ್ಮ ಗಲ್ಲಾಪೆಟ್ಟಿಗೆ ನೋಡುವುದು ಮೊದಲನೆಯದನ್ನು.

ಚೌಕಿಪೇಟೆಯಲ್ಲಿ ಮಾರುವ ಸೀರೆಯ ಬೆಲೆಯಲ್ಲಿ ಎಷ್ಟು ಪಾಲು ಸೂರತ್ತಿಗೆ ಹೋಗುತ್ತದೆ ಅಂತ ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ನಿಮ್ಮ ಕೈಯಲ್ಲಿ ಉಳಿಯುವುದು ನಿಮ್ಮ ಲಾಭ, ಬಾಡಿಗೆ, ಆರು ಜನರ ಸಂಬಳ. ಬ್ಲೌಸ್ ಹೊಲಿಯುವವರ ಕೂಲಿ, ಆಟೋದವರ ಬಾಡಿಗೆ, ಖಾನಾವಳಿಯ ಊಟ, ಮಂಡಕ್ಕಿ ಮೆಣಸಿನಕಾಯಿ ಇವೆಲ್ಲ ಊರಿನಲ್ಲೇ ಸುತ್ತುವಂಥವು. ಮೊಬೈಲಿಗೆ, ಪೆಟ್ರೋಲಿಗೆ ಹೋದದ್ದು ಬಹುಪಾಲು ಹೋದಂತೆಯೇ.

ಇದೇ ಮಾತಿನ ಇನ್ನೊಂದು ಮುಖ, ಊರಿಗೆ ದುಡ್ಡು ಎಲ್ಲಿಂದ ಬರುತ್ತದೆ ಎಂಬುದು. ಚನ್ನಗಿರಿಯ ಅಡಿಕೆ ಉತ್ತರ ಭಾರತಕ್ಕೆ ಹೋಗುತ್ತದೆ. ಮೆಕ್ಕೆಜೋಳ ಕೋಳಿ ಆಹಾರಕ್ಕೆ, ಸ್ಟಾರ್ಚ್ ಕಾರ್ಖಾನೆಗೆ ಹೋಗುತ್ತದೆ. ಅಡಿಕೆ ರೇಟು ಕುಸಿದ ವರ್ಷ ಚೌಕಿಪೇಟೆಯ ಕೂಲಿ ಎಷ್ಟು ಏರಿಸಿದರೂ ಮದುವೆ ಬಟ್ಟೆಯ ವ್ಯಾಪಾರ ಏಳುವುದಿಲ್ಲ. ಇದೇ ಪಂಥದ ನಿಕೋಲಸ್ ಕಾಲ್ಡರ್ 1970ರಲ್ಲಿ ಸ್ಕಾಟ್ಲೆಂಡಿನ ಒಂದು ಉಪನ್ಯಾಸದಲ್ಲಿ ಇದನ್ನೇ ವಿವರಿಸಿದರು. ಒಂದು ಪ್ರದೇಶದ ಬೆಳವಣಿಗೆಯನ್ನು ಎಳೆಯುವುದು ಅದರ ಸರಕಿಗೆ ಹೊರಗಿನಿಂದ ಬರುವ ಬೇಡಿಕೆ. ಬೇಡಿಕೆ ಬಂದ ಕಡೆ ಉತ್ಪಾದನೆ ಏರುತ್ತದೆ. ಉತ್ಪಾದನೆ ಏರಿದ ಕಡೆ ಕೆಲಸದ ಚುರುಕು, ಯಂತ್ರದ ಗುಣ, ಕೈಚಳಕ ಎಲ್ಲ ಏರುತ್ತವೆ. ಸರಕು ಅಗ್ಗವಾಗುತ್ತದೆ, ಮತ್ತಷ್ಟು ಬೇಡಿಕೆ ಬರುತ್ತದೆ. ಮುಂದೆ ಹೋದ ಊರು ಮುಂದೆಯೇ ಹೋಗುತ್ತಿರುತ್ತದೆ, ಹಿಂದೆ ಬಿದ್ದದ್ದು ಹಿಂದೆಯೇ. ಬೆಂಗಳೂರು ಮತ್ತು ಮಧ್ಯ ಕರ್ನಾಟಕದ ನಡುವಿನ ಅಂತರಕ್ಕೆ ಇದಕ್ಕಿಂತ ಒಳ್ಳೆಯ ವಿವರಣೆ ನಾನು ಓದಿಲ್ಲ. ಮಾರುಕಟ್ಟೆಗೆ ಬಿಟ್ಟರೆ ಅಂತರ ತಾನಾಗಿ ಮುಚ್ಚುತ್ತದೆ ಅನ್ನುವವರಿಗೆ ಗಿರಣಿಗಳಿದ್ದ ಜಾಗಗಳನ್ನು ತೋರಿಸಿದರೆ ಸಾಕು.

ಗೃಹಲಕ್ಷ್ಮಿಯ ಪ್ರಶ್ನೆಗೆ ಅರ್ಧ ಉತ್ತರ ಇಲ್ಲೇ ಸಿಕ್ಕಿತು. 2023ರ ಆಗಸ್ಟ್ 30ರಂದು ಶುರುವಾದ ಯೋಜನೆ, ತಿಂಗಳಿಗೆ 2000 ರೂಪಾಯಿ. ಖರ್ಚು ಮಾಡುವವರ ಕೈಗೇ ಹೋಗುತ್ತದೆ, ಅಷ್ಟರ ಮಟ್ಟಿಗೆ ಕಲೆಟ್ಸ್ಕಿ ಖುಷಿಪಡುತ್ತಿದ್ದರು. ಆದರೆ ಆ 2000ದಲ್ಲಿ ಗ್ಯಾಸ್, ಔಷಧಿ, ಮಕ್ಕಳ ಫೀಸು ಮೊದಲು. ಬಟ್ಟೆಯ ಸರದಿ ಆಮೇಲೆ. ಬಟ್ಟೆಗೆ ಬಂದರೂ ಬಹುಪಾಲು ಸೂರತ್ತಿಗೆ.

ಉಳಿದರ್ಧ ಉತ್ತರ, ಆ ದುಡ್ಡು ಎಲ್ಲಿಂದ ಬಂತು ಎಂಬುದರಲ್ಲಿದೆ. ಸರಕಾರ ಉಳ್ಳವರ ಉಳಿತಾಯದ ಮೇಲೆ ತೆರಿಗೆ ಹಾಕಿ ತಂದರೆ ಒಟ್ಟು ಬೇಡಿಕೆ ಏರುತ್ತದೆ. ರಸ್ತೆ, ಕಟ್ಟಡದ ಕಾಮಗಾರಿ ನಿಲ್ಲಿಸಿ ತಂದರೆ ಅಲ್ಲಿನ ಕೂಲಿಯವರ ಖರ್ಚು ಇಳಿಯುತ್ತದೆ, ಒಂದು ಕಡೆ ಏರಿದ್ದು ಇನ್ನೊಂದು ಕಡೆ ಹೋಯಿತು. 2023ರ ಜುಲೈ ಬಜೆಟ್‌ನಲ್ಲಿ ಮದ್ಯದ ಮೇಲಿನ ಅಬಕಾರಿ ಸುಂಕ ಏರಿಸಿದರು. ಗಂಡನ ಜೇಬಿನಿಂದ ತೆಗೆದು ಹೆಂಡತಿಯ ಖಾತೆಗೆ ಹಾಕಿದರೆ ಆ ಮನೆಗೆ ಒಳ್ಳೆಯದೇ, ನನಗೇನೂ ತಕರಾರಿಲ್ಲ. ಆದರೆ ಆ ಮನೆಯ ಒಟ್ಟು ಖರ್ಚು ಅದರಿಂದ ಎಷ್ಟು ಏರೀತು? ಒಟ್ಟಿನಲ್ಲಿ ಯೋಜನೆಯಿಂದ ಬೇಡಿಕೆಗೆ ಬಲ ಸಿಕ್ಕಿದೆ, ಆದರೆ ಖಾತೆಗೆ ಬಿದ್ದ ಮೊತ್ತದಷ್ಟು ಸಿಕ್ಕಿಲ್ಲ ಅನ್ನುವುದು ನನ್ನ ಎಣಿಕೆ.

ಇದರ ಜೊತೆ ಸಂಘದ ಸಾಲವನ್ನೂ ಸೇರಿಸಿ. ಕೂಲಿ ಏರದೆ ಖರ್ಚು ಏರಿದ ಮನೆಗಳು ಮೈಕ್ರೋಫೈನಾನ್ಸ್ ಸಾಲದಿಂದ ಅಂತರ ತುಂಬಿಕೊಂಡವು. ಸಾಲ ಬಂದ ವರ್ಷ ನಿಮಗೆ ವ್ಯಾಪಾರ ಜೋರು. ಆಮೇಲಿನ ವರ್ಷಗಳಲ್ಲಿ ವಾರದ ಕಂತು ಅದೇ ದುಡ್ಡನ್ನು ಬಡ್ಡಿ ಸಮೇತ ಎಳೆದುಕೊಂಡು ಹೋಗುತ್ತದೆ. ಬಡ್ಡಿ ಹೋಗುವುದು ಉಳಿಸುವವರ ಕಡೆಗೆ. ಕೂಲಿಯ ಬದಲು ಸಾಲದಿಂದ ಬೇಡಿಕೆ ನಡೆಸಿದರೆ ಹೀಗೇ ಆಗುತ್ತದೆ ಅಂತ ಈ ಪಂಥದವರು ಮಾದರಿ ಕಟ್ಟಿ ತೋರಿಸಿದ್ದಾರೆ. ಕಿರುಸಾಲ ವಸೂಲಿಯ ಕಿರುಕುಳ ತಡೆಯಲು ನಮ್ಮ ರಾಜ್ಯ 2025ರಲ್ಲಿ ಸುಗ್ರೀವಾಜ್ಞೆಯನ್ನೇ ತರಬೇಕಾಯಿತು. ಗೃಹಲಕ್ಷ್ಮಿಯ 2000ದಲ್ಲಿ ಕಂತಿಗೆ ಹೋಗುವುದೆಷ್ಟು ಅಂತ ನಿಮ್ಮ ಗಿರಾಕಿಗಳನ್ನೇ ಕೇಳಿ ನೋಡಿ.

ನಿಮ್ಮ ಆರು ಜನರ ವಿಷಯ. ನೀವೊಬ್ಬರೇ ಸಂಬಳ ಏರಿಸಿದರೆ ಅವರ ಖರ್ಚು ನಿಮ್ಮ ಅಂಗಡಿಗೇ ವಾಪಸ್ ಬರುತ್ತದೆ ಅಂತ ನಾನು ಹೇಳಿದರೆ ಅದು ಮೋಸ. ನಿಮ್ಮ ಖರ್ಚು ನಿಶ್ಚಿತ, ಲಾಭ ಬೇರೆಯವರ ಗಲ್ಲಾಪೆಟ್ಟಿಗೆಗೆ. ಬೇರೆ ಕಾರಣಕ್ಕೆ ಏರಿಸಬಹುದು, ಪಳಗಿದ ಹುಡುಗರು ಬಿಟ್ಟುಹೋಗದಿರಲಿ ಅಂತ. ಪೇಟೆಯ ವರ್ತಕರೆಲ್ಲ ಕೂಡಿ ಒಂದೇ ಸಲ ಏರಿಸಿದರೆ ಹೊರೆಯೂ ಸಮ, ಪೈಪೋಟಿಯಲ್ಲಿ ಯಾರೂ ಹಿಂದೆ ಬೀಳುವುದಿಲ್ಲ, ಒಂದಿಷ್ಟು ದುಡ್ಡು ಊರಿಗೇ ಮರಳುತ್ತದೆ. ಇದು ನಡೆಯುತ್ತದಾ? ಇಲ್ಲಿ 1943ರ ಕಲೆಟ್ಸ್ಕಿ ಲೇಖನ ನೆನಪಾಗುತ್ತದೆ. ಎಲ್ಲರಿಗೂ ಕೆಲಸ ಸಿಕ್ಕರೆ ಮಾಲೀಕರ ಲಾಭವೂ ಏರುತ್ತದೆ, ಆದರೂ ಅವರು ವಿರೋಧಿಸುತ್ತಾರೆ ಅಂತ ಅದರಲ್ಲಿ ಬರೆದರು. ಕೆಲಸದಿಂದ ತೆಗೆಯುತ್ತೇನೆ ಎಂಬ ಮಾತಿಗೆ ಆಗ ಬೆಲೆ ಇರುವುದಿಲ್ಲ, ಅದು ಅವರಿಗೆ ಹಿಡಿಸದು. ಗ್ಯಾರಂಟಿ ಬಂದಮೇಲೆ ಆಳೇ ಸಿಗುತ್ತಿಲ್ಲ ಅಂತ ಪೇಟೆಯಲ್ಲಿ ಕೇಳುವ ದೂರಿನಲ್ಲಿ ಸ್ವಲ್ಪ ಈ ವಾಸನೆಯೂ ಇದೆ. ಬೇಜಾರಾಗಬೇಡಿ.

ಮಗನಿಗೆ ಒಂದು ಮಾತು. ಕೂಲಿಯ ಪಾಲು ಎಷ್ಟಿರಬೇಕು ಅಂತ ಯಾರು ತೀರ್ಮಾನಿಸುತ್ತಾರೆ? ದುಡಿಮೆಯ ಕೊನೆಯ ಘಟಕ ಎಷ್ಟು ಉತ್ಪಾದಿಸಿತೋ ಅಷ್ಟು ಅಂತ ಪಠ್ಯಪುಸ್ತಕ ಹೇಳುತ್ತದೆ. 1960ರಲ್ಲಿ ಇಟಲಿ ಮೂಲದ ಅರ್ಥಶಾಸ್ತ್ರಜ್ಞ ಪಿಯೆರೊ ಸ್ರಾಫಾ ತಮ್ಮ ಪುಸ್ತಕದಲ್ಲಿ ಈ ವಿವರಣೆಯ ಬುಡವನ್ನೇ ಅಲ್ಲಾಡಿಸಿದರು. ಕೂಲಿ ಮತ್ತು ಲಾಭದ ಹಂಚಿಕೆ ತಂತ್ರಜ್ಞಾನದಿಂದ ತಾನಾಗಿ ಉದುರುವುದಿಲ್ಲ, ಅದು ಹೊರಗೆ, ಸಮಾಜದಲ್ಲಿ ತೀರ್ಮಾನವಾಗುತ್ತದೆ. ಸ್ರಾಫಾ ಪುಸ್ತಕವನ್ನು ಬೇಗನೇ ಅರ್ಥಮಾಡಿಕೊಂಡು ಬರೆದವರಲ್ಲಿ ಒಬ್ಬರು ನಮ್ಮ ಕಾರವಾರದಲ್ಲಿ ಹುಟ್ಟಿದ ಕೃಷ್ಣಾ ಭಾರದ್ವಾಜ್. 1963ರಲ್ಲಿ ಬಂದ ಅವರ ವಿಮರ್ಶೆಯನ್ನು ಸ್ರಾಫಾ ಅವರೇ ಮೆಚ್ಚಿಕೊಂಡರು. ಆಮೇಲೆ ದೆಹಲಿಯ ಜವಾಹರಲಾಲ್ ನೆಹರು ವಿಶ್ವವಿದ್ಯಾಲಯದಲ್ಲಿ ಅರ್ಥಶಾಸ್ತ್ರ ವಿಭಾಗ ಕಟ್ಟಿದರು. ಎಂ.ಎ. ವಿದ್ಯಾರ್ಥಿಗೆ ಅವರ ಬರಹ ಸ್ವಲ್ಪ ಗಟ್ಟಿ ಕಡಲೆ, ಆದರೂ ಓದಲಿ.

ಪರೀಕ್ಷೆಗೆ ಸೋಲೋ ಮಾದರಿಯನ್ನೇ ಮೊದಲು ಬರೆಯಲಿ. ಅಂಕ ಕೊಡುವವರು ಅದನ್ನು ಹುಡುಕುತ್ತಾರೆ. ಅದರ ಕೆಳಗೆ, ಸರಕೆಲ್ಲ ಮಾರಾಟವಾಗುತ್ತದೆ ಎಂಬ ಊಹೆಯ ಮೇಲೆ ಇದು ನಿಂತಿದೆ ಅಂತ ಒಂದು ಸಾಲು ಸೇರಿಸಿ, ಮೇಲಿನ 900ರ ಲೆಕ್ಕವನ್ನು ಹಾಕಲಿ. 950ರ ಮಿತಿಯನ್ನು ಬಿಡದೆ ಹಾಕಲಿ. ಅದಿಲ್ಲದಿದ್ದರೆ ನಾನಾದರೂ ಅಂಕ ಕಡಿಮೆ ಕೊಡುತ್ತೇನೆ.